ಬೆನ್ನು ನನ್ನದು

ಆ ಸಿನಿಮಾದಲ್ಲಿ ಅಲೆಯ ಮೇಲೆ ಹೋಗುವ ಹುಡುಗನಿದ್ದಾನಲ್ಲ,
ಬೆನ್ನು ಮಾತ್ರ ಕಾಣುವವನು,
ಅವನು ನಾನು.

ನಾಯಕನಿಗೆ ಈಜೂ ಸರಿಯಾಗಿ ಬಾರದು.
ಸಿಡ್ನಿಯಿಂದ ಬಂದಿದ್ದ. ಚೆಂದದ ಹಲ್ಲು.
ಮೊಣಕಾಲುದ್ದ ನೀರಲ್ಲಿ ನಿಂತು ಕೂದಲು ನೆನೆಸಿಕೊಳ್ಳುವನು.
ಪೋಸ್ಟರಿಗೆಂದು ಮೊದಲೇ ತೆಗೆದ ಫೋಟೋದಲ್ಲಿ
ಹಲಗೆಯ ಮೇಲೆ ಬಲಗಾಲು ಮುಂದಿಟ್ಟಿದ್ದನಂತೆ;
ನಮ್ಮ ಹುಡುಗರೆಲ್ಲ ಎಡಗಾಲಿನವರು.
ಬಲಗಾಲಿನವಳು ನಾನೊಬ್ಬಳೇ,
ಬಾಳೆಕಾಯಿ ಪ್ಯಾಕಿಂಗ್ ಶೆಡ್ಡಿನ ನೊಯೆಲೀನ್,
ಹತ್ತೊಂಬತ್ತು ವರ್ಷ, ಗಂಡಸಿನಂಥ ಭುಜ.
ಚರ್ಚಿಗೆ ಹೋಗುವಾಗ ಅಮ್ಮ ಅದಕ್ಕೆ ಶಾಲು ಹೊದಿಸುತ್ತಿದ್ದಳು.
ನಿರ್ದೇಶಕ ನನ್ನ ಸುತ್ತ ಒಂದು ಸುತ್ತು ಬಂದ,
ಕುದುರೆ ಕೊಳ್ಳುವವನ ಹಾಗೆ.
ಕತ್ತರಿ ತರಿಸಿದ, ಬಣ್ಣ ತರಿಸಿದ,
ತೋಳಿಲ್ಲದ ರಬ್ಬರ್ ಅಂಗಿ ತೊಡಿಸಿದ.
ದಿನಕ್ಕೆ ಆರು ಡಾಲರ್, ಮಧ್ಯಾಹ್ನ ಒಂದು ಪೈ.

ಆಗ ನಾವು ಒಂಬತ್ತು ಜನ
ಮರಳ ದಿಬ್ಬದ ಹಿಂದೆ, ಹಳೆಯ ಹಾಲಿನ ವ್ಯಾನಿನಲ್ಲಿ.
ಊರ ಬಾಯಲ್ಲಿ ಗಾಂಜಾದವರು, ಸೋಮಾರಿಗಳು.
ಸುಳ್ಳೇನಲ್ಲ. ಆದರೆ
ಬೆಳಗಿನ ನಾಲ್ಕಕ್ಕೆ ಏಳುವ ಸೋಮಾರಿಗಳನ್ನು
ಆ ಊರು ಬೇರೆ ಕಂಡಿರಲಿಲ್ಲ.
ಕಾಲ್ಬೆರಳಲ್ಲಿ ಮರಳು ಕೆದಕಿ ಚಿಪ್ಪು ಹೆಕ್ಕಿ ಬೇಯಿಸಿದೆವು,
ಮೇಣದಬತ್ತಿ ಕರಗಿಸಿ ಹಲಗೆಗೆ ಉಜ್ಜಿದೆವು.
ಕಬ್ಬಿನ ಗದ್ದೆಗೆ ಬೆಂಕಿ ಇಟ್ಟ ಸಂಜೆಗಳಲ್ಲಿ
ಕರಿ ಬೂದಿ ತೇಲಿ ಬಂದು ಕಡಲಿಗೆ, ಕೂದಲಿಗೆ, ಚಹಾಕ್ಕೆ ಬೀಳುತ್ತಿತ್ತು.
"ನಮ್ಮ ಪಾಲಿನ ಹಿಮ" ಎನ್ನುತ್ತಿದ್ದ ಡರ್ಮಟ್.

ಡರ್ಮಟ್.
ಅವನು ಹುಟ್ಟಿದ ತಾರೀಕಿನ ಮರದ ಗೋಲಿ
ಎಲ್ಲೋ ಒಂದು ಪೀಪಾಯಿಯಿಂದ ಉರುಳಿ ಬಂದಿತ್ತು,
ಹೌಸಿ ಆಟದ ಹಾಗೆ. ಗೆದ್ದವರಿಗೆ ವಿಯೆಟ್ನಾಂ.
ಕಾಗದ ಬಂತು; ಅದರಲ್ಲಿ ಹೊಗೆಸೊಪ್ಪು ಸುತ್ತಿ ಸೇದಿದ.
ಎರಡನೆಯದು ಬಂತು; ಅದಕ್ಕೂ ಅದೇ ಗತಿ.
ಮೂರನೆಯದು ಪೊಲೀಸ್ ಕಾರಿನಲ್ಲಿ ಬಂತು.

ಅವತ್ತು ಸಮುದ್ರ ತಟ್ಟೆಯಂತೆ ಸಪಾಟು.
ಕ್ಯಾಮೆರಾದವರು ಇಸ್ಪೀಟಿಗೆ ಕೂತಿದ್ದರು.
ಟೋಪಿಯ ಇಬ್ಬರು ಮರಳಲ್ಲಿ ಬೂಟು ಹೂತುಕೊಳ್ಳುತ್ತ ಬಂದಾಗ
ಯಾರೋ ನಟರೆಂದು
ಮೇಕಪ್ಪಿನವಳು ಪೌಡರ್ ಹಿಡಿದು ಎದ್ದಳು.
ಡರ್ಮಟ್ ಓಡಲಿಲ್ಲ.
ಹಲಗೆಯನ್ನು ನನ್ನ ಪಕ್ಕ ನೆಟ್ಟು
"ಬಿಸಿಲಿಗೆ ಬಿಡಬೇಡ, ಮೇಣ ಈಗಷ್ಟೇ ಹಚ್ಚಿದ್ದು" ಎಂದ.
ಕಾರಿನ ಬಾಗಿಲಲ್ಲಿ ಒಮ್ಮೆ ತಿರುಗಿ ನೋಡಿದ.

ನಿರ್ದೇಶಕ ಮಾತಾಡಲಿಲ್ಲ.
ಉದ್ದ ಮಸೂರದವನ ಹೆಗಲು ತಟ್ಟಿದ, ಅಷ್ಟೇ.
ರೀಲು ಓಡಿದ ಸದ್ದು ಕೇಳಿತು ನನಗೆ.
ಹೊಡೆಯಬೇಕಿತ್ತು ಆ ಮನುಷ್ಯನಿಗೆ.
ಹೊಡೆಯಲಿಲ್ಲ.
ಮೂರು ವಾರದ ಮೇಲೆ ಒಳ್ಳೆಯ ಅಲೆ ಎದ್ದಿತು; ಏರಿದೆ,
ಇಳಿದು ಬಂದು ಆರು ಡಾಲರ್ ಎಣಿಸಿಕೊಂಡೆ.

ಮೊನ್ನೆ ತಗಡಿನ ಸಭಾಭವನದಲ್ಲಿ ಮತ್ತೆ ಹಾಕಿದ್ದರು, ಐವತ್ತು ವರ್ಷದ ನೆಪ.
ಮೊಮ್ಮಕ್ಕಳ ಪ್ರಾಯದವರು ಪ್ಯಾಂಟಿನ ಅಗಲಕ್ಕೆ ನಕ್ಕರು,
ಡೈಲಾಗಿಗೆ ನಕ್ಕರು. ನಾನೂ ನಕ್ಕೆ,
ಅಷ್ಟು ಕೆಟ್ಟ ಸಿನಿಮಾ.
ಆಮೇಲೆ ಅದು ಬಂತು.
ಯಾರನ್ನೋ ಹಿಡಿದೊಯ್ಯುತ್ತಾರೆ, ಅವನು ತಿರುಗುತ್ತಾನೆ.
ಮೂರು ಸೆಕೆಂಡು.
ಹಿಂದಿನ ಸಾಲಲ್ಲಿ ಒಬ್ಬಳು ಪಿಸುಗುಟ್ಟಿದಳು,
"ಇಡೀ ಸಿನಿಮಾದಲ್ಲಿ ನಟನೆ ಬರುವುದು ಇವನೊಬ್ಬನಿಗೇ."

ಇದಕ್ಕೆಲ್ಲ ಡರ್ಮಟ್ ಬರುವುದಿಲ್ಲ.
ಜೈಲಿಂದ ಬಿಟ್ಟ ಮೇಲೆ ಕುರಿ ಸೀಮೆಯ ಒಳನಾಡಿಗೆ ಹೋದ,
ಮಾಡಿಗೆ ತಗಡು ಹೊದಿಸುತ್ತ ಬದುಕಿದ.
ಒಮ್ಮೆ ಫೋನಿನಲ್ಲಿ ಕೇಳಿದ್ದೆ:
ಅವತ್ತು ತಿರುಗಿ ಏನನ್ನು ನೋಡಿದೆ ನೀನು?
"ಚಪ್ಪಲಿ" ಎಂದ. "ಬಿಟ್ಟು ಬಂದಿದ್ದೆ."

ಸಿನಿಮಾದಲ್ಲಿ ಹಾಗಿಲ್ಲ.
ಅವನು ತಿರುಗುತ್ತಾನೆ,
ಅಲ್ಲಿ ಕತ್ತರಿಸಿ, ಅಂಟು ಹಚ್ಚಿ ಕೂಡಿಸಿದ ಜಾಗದಿಂದ
ಅವತ್ತು ಇಲ್ಲದ ಅಲೆ
ಗೋಡೆಯಂತೆ ಏಳುತ್ತದೆ.
ಅದರ ಮೇಲೆ ಯಾರದೋ ಹೆಸರಲ್ಲಿ,
ಯಾರದೋ ಬಣ್ಣದ ಕೂದಲಲ್ಲಿ,
ಬಲಗಾಲು ಮುಂದಿಟ್ಟು
ನಾನು,
ಅವನಿಗೆ ಬೆನ್ನು ಹಾಕಿ.