ಹದಿನಾಲ್ಕು ಅಕ್ಷರ

ಮೂವತ್ತೊಂದು ವರ್ಷ ಸೈಡ್‌ವಿಂಗಿನ ಕತ್ತಲದಾಗ ಕುಂತು
ರಾಜಗೋಳಿಗೆ ಅವರವರ ಸಿಟ್ಟು ಹೇಳಿಕೊಟ್ಟೀನಿ.
ಮೈಕಿಗೆ ಸಿಗಬಾರದು, ನಟನ ಕಿವಿಗೆ ಮುಟ್ಟಬೇಕು,
ಅಷ್ಟ ನನ್ನ ದನಿ.
ಖಳನಾಯಕಗ ಚಹಾ ಕುಡಿಸಾಕ ಬಂದವರು
ನನ್ನ ಕಾಲು ದಾಟಿ ಹೋಗ್ತಿದ್ರು.

ಕಂಪನಿ ಮುಚ್ಚಿತು. ಬೆಟಗೇರಿಯ ಸೀರಿ ಅಂಗಡಿಯೊಳಗ
ಗಿರಾಕಿ ಬಿಚ್ಚಿ ಒಗದದ್ದು ಮತ್ತ ಮಡಚಿ ಇಡೂ ಕೆಲಸ.
ಅಲ್ಲಿಗೆ ಬಂದಾಕಿ ಕಸ್ತೂರಿ ಮುಳಗುಂದ,
ಹಗಲಿಗೆ ಸೊಸೈಟಿ ಬ್ಯಾಂಕಿನ ಕ್ಯಾಶಿಯರ್,
ರಾತ್ರಿ ನಾಟಕ ಬರಿಯಾಕಿ.
‘ದಾವಲಜ್ಜಾ, ಇದರಾಗ ರಾಜಾ ಇಲ್ಲ, ಪರದೆ ಇಲ್ಲ.
ಊರಿಗೊಂದು ನೀರಿನ ಟಾಕಿ, ಅದರ ಉದ್ಘಾಟನೆ, ಮುಗೀತು.
ನೀವು ಬೇಕು.’
ಪರದೇನ ಇಲ್ಲಂದ್ರ ನಾ ಎಲ್ಲಿ ಕುಂಡ್ರಲಿ, ಅಂದೆ.
‘ನಡುವ’ ಅಂದ್ಲು.

ಹಸ್ತಪ್ರತಿ ಠಾಣೆಕ್ಕ ಹೋತು. ಹನ್ನೆರಡು ದಿನಕ್ಕ ಬಂತು.
ಫೌಜದಾರರು ಪರ್ಮಿಶನ್ ಕೊಟ್ಟಿದ್ರು,
ಒಂಬತ್ತು ಮಾತು ತಾವ ಇಟಗೊಂಡಿದ್ರು.
ಕೆಂಪು ಗೆರಿ, ಸ್ಕೇಲ್ ಹಿಡದು ಎಳದದ್ದು,
ಭಾಳ ನೀಟ.
ಹುಡುಗೂರು ಕುಣದಾಡಿದ್ರು, ನಾಟಕಾನ ಬ್ಯಾಡ ಅಂದ್ರು.
ಕಸ್ತೂರಿ ಬ್ಯಾಂಕಿನಾಕಿ. ಸಿಟ್ಟಿಗೇಳಲಿಲ್ಲ, ಎಣಿಸಿದ್ಲು.
‘ಹೊಡದ ಮಾತಿನ ಜಾಗಾ ಹಂಗ ಇರಲಿ.
ಎಷ್ಟು ಅಕ್ಷರ ಹೋಗ್ಯಾವೋ ಅಷ್ಟು ಬಡತ.
ಅಜ್ಜಾ ಬಡೀಲಿ.’

ಹಿಂಗಾಗಿ ನೇಕಾರರ ಗೋದಾಮಿನೊಳಗ,
ನೂಲಿನ ಮೂಟಿ ಸರಿಸಿ ಮಾಡಿದ ರಂಗದ ಮ್ಯಾಲೆ,
ಎಪ್ಪತ್ತರ ವಯಸ್ಸಿನಾಗ ನನಗ ಮೊದಲನೇ ಬೆಳಕು ಬಿತ್ತು.
ಕಣ್ಣು ಕುಕ್ಕಿತು. ಸುಳ್ಳ್ಯಾಕ ಹೇಳ್ಲಿ, ಪುಟ ತಪ್ಪಿದೆ.
ಟಾಕಿಯ ಸೀನು. ರಿಬ್ಬನ್, ಕತ್ತರಿ, ತಟ್ಟೆ ಹಿಡದ ಹುಡುಗಿ.
ಹೊಲಿಗಿ ಕಲಿಸೂ ಬಾಯಿ ಪಾತ್ರದ ಹೆಣಮಗಳು
ಮಂತ್ರಿಯ ಎದುರಿಗೆ ಬಂದು ಬಾಯಿ ತೆಗದ್ಲು,
ಹಂಗ ನಿಂತ್ಲು.
ಕಟ್ಟಿಗಿ ಡಬ್ಬಿಯ ಮ್ಯಾಲೆ ನನ್ನ ಬೆರಳು:
ಟಕ್. ಟಕ್. ಹದಿನಾಲ್ಕು.
ಬಾಜೂ ಓಣಿಯ ಪಾವರ್‌ಲೂಮು ತನ್ನ ಲೆಕ್ಕ ತಾ ನಡಸಿತ್ತು.
ಜನ ಒಬ್ಬರ ಮಾರಿ ಒಬ್ಬರು ನೋಡಿದ್ರು.
ಮೊದಲನೇ ದಿನ ಅಷ್ಟ.

ಮೂರನೇ ದಿನ, ಕಂಡಿಕಿ ಸುತ್ತೂ ಈರವ್ವ,
ಮೊಮ್ಮಗನ್ನ ತೊಡಿ ಮ್ಯಾಲೆ ಮಲಗಿಸಿಕೊಂಡಾಕಿ,
ನನ್ನ ಬಡತದ ಜೋಡಿ ಜೋಡಿ, ಸಣ್ಣಗ:
ನೀವು ಬಂದಾಗಷ್ಟ ಯಾಕ ನಳಾ ಬರತಾವ
ಹದಿನಾಲ್ಕ! ಒಂದೂ ಹೆಚ್ಚಿಲ್ಲ, ಒಂದೂ ಕಡಿಮಿಲ್ಲ.
ಗೋದಾಮು ನಕ್ಕಿತು, ಆಮ್ಯಾಲೆ ನಗಲಿಲ್ಲ.
ಕಸ್ತೂರಿ ಬರದದ್ದು ಬ್ಯಾರೇನ ಇತ್ತು.
ಇಷ್ಟು ಚೊಲೋನೂ ಇರಲಿಲ್ಲ, ಆಕಿನ ಅಂದ್ಲು,
ಅಂದು ಅಂಗೈ ಮ್ಯಾಲೆ ಬರಕೊಂಡ್ಲು.

ಮುಂಡರಗಿಯೊಳಗ ಅದ ಖಾಲಿ ಜಾಗಾಕ್ಕ
ಒಬ್ಬ ಕಾಲೇಜ್ ಹುಡುಗ ಪರೀಕ್ಷಾ ಫೀ ತುಂಬಿದ.
ರೋಣದಾಗ ಏಳು ಮಂದಿ ಕೂಡೇ ಒದರಿದ್ರು, ಏನೂ ತಿಳೀಲಿಲ್ಲ.
ಶಿರಹಟ್ಟಿಯೊಳಗ ಯಾರೂ ತುಟಿ ಬಿಚ್ಚಲಿಲ್ಲ,
ಹಿಂದ ಕುಂತ ಯಾರೋ ಬರೀ ಕೆಮ್ಮಿದ್ರು,
ಎಣಿಸೇ ಕೆಮ್ಮಿದಂಗಿತ್ತು.

ಮತ್ತ ಪರ್ಮಿಶನ್ನು, ಮತ್ತ ಠಾಣೆ.
ಈ ಸಲ ಪ್ರತಿ ಒಯ್ದಾಂವ ನಾನು.
ಫೌಜದಾರರು ಕೆಂಪು ಪೆನ್ನಿನ ಟೊಪಿಗಿ ತಗದು ಪುಟ ತಿರುವಿದ್ರು.
‘ಇಲ್ಲೇನೈತಿ?’
ಚುಕ್ಕಿ ಅದಾವ್ರೀ ಸಾಹೇಬರ.
‘ಚುಕ್ಕಿ ಅಂದ್ರ?’
ಚುಕ್ಕಿ ಅಂದ್ರ ಚುಕ್ಕಿರೀ.
ಪೆನ್ನಿನ ತುದಿ ಚುಕ್ಕಿ ಮ್ಯಾಲೆ ಒಂದೊಂದ ಇಟಗೋತ ಹೋದ್ರು,
ಹೊಡಿಯಾಕಲ್ಲ, ಎಣಿಸಾಕ.
ಹೊರಗ ಅವರ ಡ್ರೈವರ್ ಬಕೆಟ್ ಹಿಡದು ಟ್ಯಾಂಕರಿನ ಪಾಳೆಕ್ಕ ನಿಂತಿದ್ದ.
ಹತ್ತನೇ ಚುಕ್ಕಿಗೆ ತುಟಿ ಅಳ್ಳಾಡಿದ್ವು.

ಮೂವತ್ತೊಂದು ವರ್ಷ ತುಟಿ ನೋಡಿ ಬದುಕಿದಾಂವ ನಾ.
ಎಲ್ಲಿ ಮಾತು ನಿಂತೈತಿ, ಮುಂದಿನ ಶಬ್ದ ಏನು,
ದೂರದಿಂದ ಹೇಳ್ತೀನಿ.
ಮರತವರಿಗೆ ನೆನಪು ಮಾಡೂದು ನನ್ನ ಕಸಬು.
ಅವರು ಮರತಿರಲಿಲ್ಲ.
ನಾ ಸುಮ್ಮನ ಕುಂತೆ.