ಯಥಾಸ್ಥಿತಿ

ಜಡ್ಜಮ್ಮ ಓದಿದ್ದು ಒಂದೇ ಉಸಿರಿಗೆ.
ಫ್ಯಾನಿನ ಸದ್ದಿನೊಳಗೆ ಅರ್ಧ ಕೇಳಿಸಿತು,
ಉಳಿದರ್ಧ ವಕೀಲಮ್ಮ ರುಕಿಯಾರ ಮುಖದ ಮೇಲಿತ್ತು:
"ಆಯ್ತು ಎರ್ರೆಮ್ಮ, ಆರ್ಡರ್ ಆಯ್ತು.
ಇನ್ನು ನಿನ್ನ ಮೈದುನ ಕಲ್ಲಿನ ಮೇಲೆ ಕಲ್ಲಿಡಂಗಿಲ್ಲ."

ಕೌಲ್ ಬಜಾರಿನ ನಮ್ಮ ಸಂದಿ ಎಷ್ಟು ಅಗಲ ಅಂದರೆ
ಐವತ್ತು ಜೀನ್ಸ್ ಪ್ಯಾಂಟಿನ ಗಂಟು ತಲೆಮೇಲಿಟ್ಟು
ಮೊಣಕೈ ಗೋಡೆಗೆ ತಾಗದಂಗೆ ನಾನು ಹೋಗುವಷ್ಟು.
ಸರ್ವೆಯವರು ಟೇಪು ಹಿಡಿದು
ನಾಲ್ಕು ಅಡಿ ಎರಡು ಇಂಚು ಅಂತ ಬರೆದರು.
ನನ್ನ ಅಳತೆಯನ್ನೂ ಬರೆದುಕೊಳ್ಳಿ ಅಂದೆ. ನಕ್ಕರು.

ಮನೆಗೆ ಬಂದರೆ ಸಂದಿಯೊಳಗೆ ಸಿಮೆಂಟು ಕಲಸುತ್ತಿದ್ದಾರೆ.
ಗಾದಿಲಿಂಗ ಹಲ್ಲಲ್ಲಿ ಕಡ್ಡಿ ಆಡಿಸುತ್ತಾ ಕೇಳಿದ:
"ಆರ್ಡರಾ? ಎಲ್ಲೈತೆ ತೋರ್ಸು ಅತ್ತಿಗೆ."
ಠಾಣೆಯಲ್ಲೂ ಅದೇ ಮಾತು, ಸ್ವಲ್ಪ ಮರ್ಯಾದೆ ಸೇರಿಸಿ:
"ಬಾಯಿಮಾತಿಗೆ ನಾವು ಬರಂಗಿಲ್ಲಮ್ಮ. ಕಾಗದ ತಗೊಂಡು ಬಾ."

ನಕಲು ಶಾಖೆಯ ಕಿಟಕಿ ನನ್ನ ಎದೆಗಿಂತ ಎತ್ತರ.
ಒಳಗಿನವನು ಕೇಳಿದ: "ವಾದಿನಾ, ಪ್ರತಿವಾದಿನಾ?"
ಗಂಡ ಸತ್ತಾಗ ಪಾಲಿಗಾಗಿ ವಾದ ಮಾಡಲಿಲ್ಲ,
ಪೀಸಿಗೆ ಮೂರು ರೂಪಾಯಿ ಎರಡಾದಾಗಲೂ ಮಾಡಲಿಲ್ಲ.
"ವಾದಿ" ಅಂದೆ.
ನನ್ನ ದನಿ ನನಗೇ ಯಾರದೋ ಅನ್ನಿಸಿತು.
ಸೈ ಹಾಕುವಾಗ ಬೆರಳಿನ ನೀಲಿ ಅರ್ಜಿಯ ಅಂಚಿಗೆ ಹತ್ತಿತು.
"ಏನಮ್ಮ ಇದು, ಹೆಬ್ಬೆಟ್ಟು ಒತ್ತಿದೆಯಾ?"
ಇಲ್ಲ ಸ್ವಾಮಿ, ಸೈ ಬರುತ್ತೆ. ಇದು ಪ್ಯಾಂಟಿನ ಬಣ್ಣ,
ಎಷ್ಟು ತೊಳೆದರೂ ಮಾತು ಕೇಳಲ್ಲ.

ಸ್ಟಾಂಪು ಹಚ್ಚಿದ ಗುರುವಾರ ಗೋಡೆ ಒಂದು ವರಸೆ.
ಶುಕ್ರವಾರ, ಫೈಲು ಇನ್ನೂ ಮೇಲಿಂದ ಇಳಿದಿಲ್ಲ ಅಂದರು: ಎರಡು.
ಎರಡನೇ ಶನಿವಾರ, ಭಾನುವಾರ ಕೋರ್ಟಿಗೆ ರಜೆ,
ಗೌಂಡಿ ಹೊನ್ನೂರಸಾಬನಿಗೆ ರಜೆ ಇಲ್ಲ: ಮೂರು, ನಾಲ್ಕು.
ಸೋಮವಾರ ಯಾರೋ ಹಿರಿಯ ವಕೀಲರು ತೀರಿಕೊಂಡರಂತೆ.
ಎಲ್ಲರ ಜೊತೆ ನಾನೂ ಎರಡು ನಿಮಿಷ ಸುಮ್ಮನೆ ನಿಂತೆ.
ಆ ಮೌನದೊಳಗೆ ಕರಣೆಯ ಸದ್ದು: ಐದು.

ಮಂಗಳವಾರ ಟೈಪಾಗಿದೆ, ಸೈ ಆಗಿಲ್ಲ.
ಅವತ್ತು ಗೋಡೆಯೂ ಏಳಲಿಲ್ಲ,
ಗಾದಿಲಿಂಗನ ಹತ್ತಿರ ಸಿಮೆಂಟಿನ ದುಡ್ಡು ಮುಗಿದಿತ್ತಂತೆ.
"ಒಂದಿಷ್ಟು ಏನಾದರೂ ಕೊಟ್ಟರೆ..." ಬೆಂಚಿನ ಮೇಲಿದ್ದವನೊಬ್ಬ ಪಿಸುಗಿದ.
ರುಕಿಯಮ್ಮ ಹೇಳಿದ್ದು ನೆನಪಿತ್ತು:
"ಇದು ಬೇಡೋದಲ್ಲ, ಕೇಳೋದು. ಕೇಸು ನಿಂದು, ಫೀಸು ಕಟ್ಟೀಯ,
ಆ ನಕಲು ನಿನ್ನ ಹಕ್ಕು. ಕಿಟಕಿ ಬಿಟ್ಟು ಕದಲಬ್ಯಾಡ."
ಕದಲಲಿಲ್ಲ.
ಊಟಕ್ಕೆ ಕಿಟಕಿ ಮುಚ್ಚಿದರು,
ಮುಚ್ಚಿದ ಕಿಟಕಿಯ ಮುಂದೆ
ಚೀಲದಿಂದ ನಾಲ್ಕು ಪ್ಯಾಂಟು ತೆಗೆದು
ನಿಂತಲ್ಲೇ ದಾರ ಕತ್ತರಿಸಿದೆ.

ಬುಧವಾರ ಮೂರು ಹಾಳೆ, ಒಂದು ದುಂಡು ಮೊಹರು.
ಕೊನೆಯಲ್ಲಿ ತಾರೀಖುಗಳು, ಒಂದರ ಕೆಳಗೊಂದು:
ಅರ್ಜಿ ಹಾಕಿದ್ದು, ಸಿದ್ಧವಾದದ್ದು, ಕೊಟ್ಟದ್ದು.
ಗೋಡೆಯ ಎತ್ತರ ಬರೆಯಲಿಕ್ಕೆ ಖಾನೆ ಇಲ್ಲ.

ಪೊಲೀಸಿನವನು ತುಟಿಯಲ್ಲೇ ಓದಿದ. ಹೊನ್ನೂರಸಾಬ್
ತೂಗುಗುಂಡು ತೂಗುತ್ತಲೇ ಬಿಟ್ಟು ಕೈ ತೊಳೆದುಕೊಂಡ.
ಗೋಡೆ ನನ್ನ ಸೊಂಟದಷ್ಟಾಗಿತ್ತು.
"ಯಥಾಸ್ಥಿತಿ ಅಂತ ಐತೆ," ಗಾದಿಲಿಂಗ ನಕ್ಕ,
"ಇದ್ದದ್ದು ಇದ್ದಂಗೆ. ಇದೂ ಇದ್ದಂಗೇ ಇರ್ಲಿ ಬಿಡು ಅತ್ತಿಗೆ."
ಯಾವತ್ತು ಇದ್ದದ್ದು?
ಮೊದಲ ಹಾಳೆಯ ತಾರೀಖಿನ ಮೇಲೆ ಬೆರಳಿಟ್ಟೆ.
ಆ ದಿನ ಇಲ್ಲಿ ಬರೀ ದಾರಿ ಇತ್ತಪ್ಪ,
ದಾರಿಯ ತುಂಬ ಗಾಳಿ.
ಅವನು ತಾರೀಖು ನೋಡಲಿಲ್ಲ, ನನ್ನ ನೀಲಿ ಉಗುರು ನೋಡಿದ.
ರುಕಿಯಮ್ಮ ಇನ್ನೊಂದು ಅರ್ಜಿ ಬರೆಯುತ್ತಿದ್ದಾರೆ.

ರಾತ್ರಿ ಕೆಲಸಕ್ಕೆ ಕೂತವಳು ಕಾಗದ ಮತ್ತೆ ಬಿಚ್ಚಿದೆ.
ಮೂರು ಹಾಳೆ ಸೇರಿಸಿ ಹೊಲಿದ ಬಿಳಿ ದಾರ,
ಗಂಟಿನಾಚೆ ಎರಡು ಬೆರಳಷ್ಟು ಉಳಿದು ಜೋತುಬಿದ್ದಿತ್ತು.
ಹದಿನೆಂಟು ವರ್ಷ ಇದನ್ನೇ ಮಾಡಿದ ಕೈ,
ನನ್ನನ್ನು ಕೇಳದೆ ಕತ್ತರಿ ಎತ್ತಿತು.

ತಡೆದೆ.
ಇರಲಿ ಅಂದೆ, ಅದೂ ಇದ್ದಂಗೆ.