ತಿದ್ದುಪಡಿ

ಸೆಂಟ್ರಲ್ ಮೈದಾನದ ಡೇರೆಯಲ್ಲಿ ಆ ಶನಿವಾರ
ನೆಲಕ್ಕೆ ಎರಡಾಣೆ, ಬೆಂಚಿಗೆ ನಾಲ್ಕು.
ನಾನು ಬೆಂಚು. ಅಚ್ಚುಮೊಳೆ ಜೋಡಿಸುವವನಿಗೂ
ತಿಂಗಳಿಗೊಮ್ಮೆ ನೆಲ ಬಿಟ್ಟು ಕೂರುವ ಆಸೆ.

ತೆರೆಯ ಮೇಲೆ ಹುಲ್ಲುಟೋಪಿಯ ವರದಿಗಾರ.
ಬೆಂಕಿ ಬಿದ್ದಿದೆ ಎಂದು ಬರೆದುಬಿಟ್ಟಿದ್ದಾನೆ,
ಬಿದ್ದಿಲ್ಲ.
ಈಗ ಕಡ್ಡಿಪೆಟ್ಟಿಗೆ ಹಿಡಿದು ಊರೆಲ್ಲ ಓಡುತ್ತಾನೆ,
ಪೇಪರು ಹಂಚುವುದರೊಳಗೆ ಸುದ್ದಿಯನ್ನು ನಿಜ ಮಾಡಬೇಕು.
ಒಂದು ಗೀರಿದರೆ ಗಾಳಿ, ಇನ್ನೊಂದು ಗೀರಿದರೆ ಮಳೆ,
ಮೂರನೆಯದು ಅವನದೇ ಕೋಟಿನ ಬಾಲಕ್ಕೆ.

ಇಂಗ್ಲಿಷಿನ ಹಲಗೆ ಬಂದಾಗಲೆಲ್ಲ
ಬೆತ್ತ ಚಾಚಿ ಅರ್ಥ ಹೇಳುವವನು
ನಮ್ಮ ಪತ್ರಿಕೆಯ ಮರಿಯಾಣ್ ಸಲ್ಡಾನ್ಹಾ.
ಹಗಲು ವರದಿ, ರಾತ್ರಿ ಇದು.
ಹಲಗೆಯಲ್ಲಿ ಮೂರು ಪದ, ಅವನ ಬಾಯಲ್ಲಿ ಮೂವತ್ತು:
ತುಳುವಿನಲ್ಲಿ ಬೈಗುಳ, ಕೊಂಕಣಿಯಲ್ಲಿ ದೇವರು,
ಕನ್ನಡದಲ್ಲಿ ನೀತಿ.

ಅಳಿವೆಯಲ್ಲಿ ದೋಣಿ ಮಗುಚಿದ ದಿನವೂ ಹಾಗೆಯೇ.
ದಕ್ಕೆಯಲ್ಲಿ ಯಾರೋ ‘ನಾಲ್ವರು ಕಾಣ್ತಿಲ್ಲ’ ಅಂದದ್ದು
ಪ್ರೆಸ್ಸಿಗೆ ನಡೆದು ಬರುವಷ್ಟರಲ್ಲಿ ನಾಲ್ಕು ಹೆಣ.
ಹೆಂಡಂದಿರು ಎದೆ ಬಡಿದುಕೊಂಡದ್ದನ್ನೂ ಬರೆದಿದ್ದ,
ಬೆಂಗ್ರೆಗೆ ದಾಟದೆ.
ನಾನು ಕೇಳಲಿಲ್ಲ.
ಮೊಳೆಯಲ್ಲಿ ಅಕ್ಷರ ಹೇಗೂ ತಿರುಗುಮುರುಗು;
ಸತ್ತವನ ಹೆಸರೂ ಬದುಕಿದವನ ಹೆಸರೂ
ಒಂದೇ ತೂಕದ ಸೀಸ.

ಅರ್ಧ ಆಟದಲ್ಲಿ ಡೇರೆಯ ಬಟ್ಟೆ ಸರಿಸಿ ಬಂದ
ಐತ ಮೆಂಡನ್, ಪಟ್ಟಿಯಲ್ಲಿ ಮೂರನೆಯವ.
‘ಸತ್ತವರಿಗೂ ಎರಡಾಣೆಯಾ?’ ಬಾಗಿಲಲ್ಲಿ ಜಗಳ.
ಬೆಳಕಿಗೆ ಅಡ್ಡ ಬಂದವನ ನೆರಳು
ಹುಲ್ಲುಟೋಪಿಯವನ ಮುಖಕ್ಕೆ ಬಿತ್ತು.
ಜನ ನಕ್ಕರು, ಅದೂ ಆಟವೆಂದು.

ಬೆತ್ತ ಗಾಳಿಯಲ್ಲೇ ನಿಂತಿತು.
ಒಂದು ಹಲಗೆ ಬಂತು, ಹೋಯಿತು.
ಮರಿಯಾಣ್ ಅರ್ಥ ಹೇಳಲಿಲ್ಲ.
ಹಾರ್ಮೋನಿಯಂ ಒಂದೇ ಮನೆ ಒತ್ತಿಕೊಂಡಿತ್ತು.

‘ದಾದ ಪಂಡೆ ಆಯೆ?’ ನೆಲದಲ್ಲಿ ಕೂತು ಐತ ಕೇಳಿದ.
ಆಮೇಲೆ, ಯಾರಿಗೂ ಅಲ್ಲವೆಂಬಂತೆ,
‘ಮಲ್ಪೆಯಲ್ಲಿ ನನ್ನ ಅಪ್ಪೆ ಬೊಜ್ಜ ಮಾಡಿಸಿಬಿಟ್ಟಳು.
ಕಿವಿಯ ಓಲೆ ಅಡವಿಟ್ಟು.
ಆ ಖರ್ಚು ಯಾರ ಲೆಕ್ಕಕ್ಕೆ?’

ಸೋಮವಾರ ಮರಿಯಾಣ್ ತಾನೇ ಬಂದು
ಚೀಟಿಯನ್ನು ನನ್ನ ಕೇಸಿನ ಮೇಲಿಟ್ಟು
ಮುಖ ಕೊಡದೆ ಹೋದ.
ಮೂರನೇ ಪುಟ, ಹರಳೆಣ್ಣೆ ಜಾಹೀರಾತಿನ ಕೆಳಗೆ,
ಇರುವುದರಲ್ಲೇ ಸಣ್ಣ ಅಚ್ಚು, ಒಂದೇ ಸಾಲು:

ಐತ ಮೆಂಡನ್ ಬದುಕಿದ್ದಾರೆ, ವಿಷಾದಿಸುತ್ತೇವೆ.

ತಿದ್ದುವುದು ನನ್ನ ಕೆಲಸವಲ್ಲ
ಎಂದು ಹದಿನೆಂಟು ವರ್ಷ ಹೇಳಿಕೊಂಡವನು
ಆ ಅಲ್ಪವಿರಾಮದ ಮೊಳೆಯನ್ನು
ಎರಡು ಬೆರಳಲ್ಲಿ ಹಿಡಿದು
ಮೆಷಿನ್ನಿನವನು ಕೂಗುವವರೆಗೂ ನಿಂತಿದ್ದೆ.